ಬ್ಯಾನರಿನ ಗುಂಪಿನಲ್ಲಿ ಒಂದು ಮುಖ

ಅವಳ ಮುತ್ತಜ್ಜ ಸುಣ್ಣ ಬಳಿಯುವವನು. ಕಚೇರಿ, ಆಸ್ಪತ್ರೆ, ಜೈಲು, ಊರಿನಲ್ಲಿ ಅವನ ಕುಂಚ ತಾಗದ ಗೋಡೆ ಇರಲಿಲ್ಲ. ಜೈಲಿನ ಒಳಗೋಡೆಗೆ ಬಳಿಯುವಾಗ ಕೈದಿಗಳು ಗೀಚಿಟ್ಟಿದ್ದ ಹೆಸರುಗಳನ್ನು ಹಾಗೇ ಬಿಟ್ಟು ಸುತ್ತಲೂ ಬಳಿದನಂತೆ. ಅದಕ್ಕೆ ಜೈಲಿನವರು ಅವನನ್ನೇ ಒಂದು ಹಗಲು ಒಳಗೆ ಕೂರಿಸಿದರು. ಹೊರಗೆ ಬಂದವನು, "ಒಳಗಿಂದ ನೋಡಿದ್ರೆ ನನ್ನ ಕೆಲಸ ಇನ್ನೂ ಚೆನ್ನಾಗಿ ಕಾಣುತ್ತೆ" ಅಂದನಂತೆ.

ಅಜ್ಜ ಸುಣ್ಣದ ಮೇಲೆ ಅಕ್ಷರ ಬರೆದ. ಅಂಗಡಿ ಬೋರ್ಡು ಬರೆಯುವುದರಲ್ಲಿ ಎತ್ತಿದ ಕೈ. ಹಾಲಿನ ಡೈರಿಯವನಿಗೆ ಒಂದು ಹಸು ಬರೆದುಕೊಟ್ಟ. ಮುಂಗಾಲು ಸರಿಬರಲಿಲ್ಲವೆಂದು ಪಕ್ಕದಲ್ಲಿ ಇನ್ನೊಂದು ಕಾಲು ಬರೆದ, ಮೊದಲಿನದನ್ನು ಅಳಿಸುವುದು ಮರೆತ. ಐದು ಕಾಲಿನ ಹಸು ಕಂಡು ಡೈರಿಯವನು ಕುಣಿದಾಡಿದಾಗ, "ನಿನ್ನ ಹಸು ನಿಂತಿಲ್ಲ ಕಣಯ್ಯ, ನಡೀತಾ ಇದೆ. ನಡೆಯೋ ಕಾಲನ್ನ ಯಾರು ಎಣಿಸ್ತಾರೆ?" ಎಂದು ಏಣಿ ಹೆಗಲಿಗೇರಿಸಿ ಹೊರಟೇಬಿಟ್ಟ. ಡೈರಿ ಮುಚ್ಚುವವರೆಗೂ ಆ ಬೋರ್ಡು ಇತ್ತು. ಜನ ವಿಳಾಸ ಹೇಳುವಾಗ ಐದು ಕಾಲಿನ ಡೈರಿಯ ಎದುರು ಅನ್ನುತ್ತಿದ್ದರು.

ಅಪ್ಪ ಬ್ಯಾನರ್ ಮೇಷ್ಟ್ರು. ಟಾಕೀಸಿನ ಹಿಂದಿನ ತಗಡಿನ ಶೆಡ್ಡಿನಲ್ಲಿ ಸಿನಿಮಾ ಬ್ಯಾನರ್ ಬರೆಯುತ್ತಿದ್ದರು. ಕಂಪನಿಯವರು ಕಳಿಸಿದ ಅಂಗೈಯಗಲದ ಫೋಟೋಗೆ ಚೌಕ ಚೌಕ ಗೆರೆ ಹಾಕಿ, ಅದನ್ನು ನೋಡುತ್ತ ಮನೆಯೆತ್ತರದ ಮುಖ ಎಬ್ಬಿಸುತ್ತಿದ್ದರು. ಒಮ್ಮೆ ಒಬ್ಬ ನಾಯಕನಟ ಟಾಕೀಸಿಗೆ ಬಂದವನು ತನ್ನ ಬ್ಯಾನರಿನ ಕೆಳಗೆ ಕತ್ತೆತ್ತಿ ನಿಂತು, "ಮೇಷ್ಟ್ರೇ, ನಾನು ಇಷ್ಟು ಚೆನ್ನಾಗಿದ್ದೀನಾ?" ಎಂದು ಕೇಳಿದ. ಮೇಷ್ಟ್ರು ಕುಂಚ ಒರೆಸಿಕೊಳ್ಳುತ್ತ, "ಇಲ್ಲ ಸಾರ್. ಟಿಕೆಟ್ ತಗೊಂಡೋರಿಗೆ ಬೇಜಾರಾಗ್ಬಾರದಲ್ಲ" ಅಂದರು. ನಾನು ಪಕ್ಕದಲ್ಲೇ ಇದ್ದೆ. ಬ್ಯಾನರಿಗೆ ಬೇಕಾದ ಬಟ್ಟೆಯನ್ನು ತುಂಡು ತುಂಡು ಕೂಡಿಸಿ ಹೊಲಿದುಕೊಡುತ್ತಿದ್ದ ದರ್ಜಿ ನಾನು. ಅವಳಿಗೆ ಚಿಕ್ಕಪ್ಪ. ರಕ್ತದ ಸಂಬಂಧವಲ್ಲ, ನೂಲಿನ ಸಂಬಂಧ. ಹಳೇ ಪೇಪರಿನಲ್ಲಿ ಅಂಗಿಯ ಅಚ್ಚು ಕತ್ತರಿಸುತ್ತ ಓದು ಕಲಿತವನು, ಆದರೂ ಅಳತೆ ತಪ್ಪದೆ ಹೇಳಬಲ್ಲೆ.

ಇಂಥವರ ಮನೆಯಲ್ಲಿ ಹುಟ್ಟಿದವಳು ಇವಳು. ಇವಳನ್ನು ಊರು ಕರೆದದ್ದು ಗೋಡೆ ಎಂದು.

ಕಾರಣ ಇತ್ತು. ಇವಳು ಚಿತ್ರ ಬರೆಯುವುದು ಕಲಿತಳು, ಆಮೇಲೆ ಕ್ಯಾಮೆರಾ ಹಿಡಿದಳು. ಕ್ಯಾಮೆರಾ ಹಿಡಿದವರೆಲ್ಲ ನಟ ನಟಿಯರ ಹಿಂದೆ ಹೋದರೆ ಇವಳು ಮುಚ್ಚಿಹೋದ ಜಾಗಗಳ ಹಿಂದೆ ಹೋದಳು. ಬಾಗಿಲು ಹಾಕಿದ ಗಿರಣಿಯ ಕ್ಯಾಂಟೀನು, ಬಸ್ಸು ಬಾರದ ಬಸ್ ನಿಲ್ದಾಣ, ಲಿಫ್ಟು ಕಿತ್ತುಕೊಂಡು ಹೋದ ಮೇಲೆ ಉಳಿದ ಬಾವಿಯಂಥ ತೂತು. ಅಲ್ಲಿ ಕ್ಯಾಮೆರಾವನ್ನು ಸ್ಟ್ಯಾಂಡಿನ ಮೇಲೆ ನಿಲ್ಲಿಸಿ ಬೆಳಗಿನಿಂದ ಬಿಸಿಲು ಇಳಿಯುವವರೆಗೆ ಸುಮ್ಮನೆ ಕೂರುವಳು. ಆ ಜಾಗದ ಹಳೆಯ ಫೋಟೋ ಯಾರ ಮನೆಯಲ್ಲಾದರೂ ಸಿಕ್ಕಿದರೆ ತಂದು, ಅದೇ ಗೋಡೆಯ ಮೇಲೆ ಪ್ರೊಜೆಕ್ಟರಿನ ಬೆಳಕಿನಲ್ಲಿ ಬಿಟ್ಟು, ಮತ್ತೆ ಚಿತ್ರೀಕರಿಸುವಳು. ಬಿರುಕು ಬಿಟ್ಟ ಗಾರೆಯ ಮೇಲೆ ಎಂದೋ ಊಟಕ್ಕೆ ಕುಳಿತವರು ಒಂದು ಗಳಿಗೆ ಕಾಣಿಸಿ ಹೋಗುವರು. ಅವಳ ಸಿನಿಮಾ ಅಂದರೆ ಇಷ್ಟೇ.

ಪ್ರದರ್ಶನಕ್ಕೆ ಬಂದವರಿಗಿಂತ ಹಾಕಿದ ಕುರ್ಚಿಗಳೇ ಹೆಚ್ಚಿರುತ್ತಿದ್ದವು. ಎಲ್ಲೋ ದೂರದವರು ಮೆಚ್ಚಿ ಒಂದು ಫಲಕ ಕೊಟ್ಟರು. ಅತ್ತಿಗೆ, ಅಂದರೆ ಅವಳ ಅಮ್ಮ, ಅದನ್ನು ಹಿಟ್ಟಿನ ಡಬ್ಬಿಯ ಮುಚ್ಚಳ ಹಾರದಂತೆ ಮೇಲೆ ಹೇರಿದರು.

"ಅಲ್ಲ ಕಣೇ, ಗೋಡೆ ನೋಡೋಕೆ ಸಿನಿಮಾಗೆ ಯಾಕೆ ಹೋಗ್ಬೇಕು? ಮನೇಲೇ ನಾಲ್ಕಿವೆ" ಅನ್ನುತ್ತಿದ್ದರು ಅತ್ತಿಗೆ.

"ನಿನ್ನ ಗೋಡೆ ಮಾತಾಡಲ್ಲ ಅಮ್ಮ."

"ನೀನು ಮಾತಾಡಿಸಿದ್ರೆ ತಾನೇ? ಮದುವೆ ಅಂದ್ರೆ ಮಾತ್ರ ನೀನೂ ಗೋಡೆ."

ಮಾತು ಹೀಗೆ ನಗೆಯಲ್ಲೇ ಮುಗಿಯುತ್ತಿತ್ತು. ಆದರೆ ಆ ಮನೆಯಲ್ಲಿ ಯಾರೂ ನಗೆಯಾಡದ ಒಂದು ಸಂಗತಿ ಇತ್ತು. ಅದನ್ನು ಹೇಳಬೇಕಾದರೆ ಮತ್ತೆ ತಗಡಿನ ಶೆಡ್ಡಿಗೇ ಹೋಗಬೇಕು.

ಬ್ಯಾನರಿನ ನಾಯಕ ನಾಯಕಿಯರಿಗೆ ಕಂಪನಿಯಿಂದ ಫೋಟೋ ಬರುತ್ತಿತ್ತು. ಅವರ ಹಿಂದಿನ ಗುಂಪಿಗೆ ಯಾರ ಫೋಟೋವೂ ಬರುತ್ತಿರಲಿಲ್ಲ. ಆ ಗುಂಪನ್ನು ಮೇಷ್ಟ್ರು ತಮ್ಮವರಿಂದಲೇ ತುಂಬಿಸುತ್ತಿದ್ದರು. ಟೀ ಅಂಗಡಿಯವನು, ಗೇಟ್‌ಕೀಪರ್, ಎದುರು ಮನೆಯ ಜಗಳಗಂಟಿ, ಎಲ್ಲರೂ ಒಂದಲ್ಲ ಒಂದು ಸಿನಿಮಾದ ಹಿಂದೆ ನಿಂತವರೇ. ನಾನು ಒಂದರಲ್ಲಿ ಪೊಲೀಸನಾಗಿದ್ದೆ, ಅದರ ಮುಂದಿನದರಲ್ಲಿ ಕಳ್ಳನಾದೆ. ಅತ್ತಿಗೆಯನ್ನು ಒಮ್ಮೆ ರಾಣಿಯ ಹಿಂದೆ ಬೀಸಣಿಗೆ ಹಿಡಿದ ದಾಸಿ ಮಾಡಿದ್ದರು. ಅತ್ತಿಗೆ ಶೆಡ್ಡಿಗೇ ಬಂದು ಸೊಂಟಕ್ಕೆ ಕೈಕೊಟ್ಟು ನಿಂತರು.

"ರಾಣಿ ಮಾಡೋಕೆ ಏನು ರೋಗ ಬಂದಿತ್ತು ನಿಮಗೆ?"

"ರಾಣಿಗೆ ಫೋಟೋ ಬಂದುಬಿಟ್ಟಿದೆ ಕಣೇ. ನಾನೇನು ಮಾಡ್ಲಿ?"

"ಹಾಗಾದ್ರೆ ರಾತ್ರಿ ಊಟಾನೂ ಆ ಫೋಟೋನೇ ಬಡಿಸ್ಲಿ."

ಇನ್ನೊಂದು ಪದ್ಧತಿ. ಬ್ಯಾನರಿನ ಬಟ್ಟೆಯನ್ನು ಯಾರೂ ಬಿಸಾಡುತ್ತಿರಲಿಲ್ಲ. ಸಿನಿಮಾ ಎತ್ತಂಗಡಿಯಾದ ಮರುದಿನ ಬ್ಯಾನರನ್ನು ಕೆಳಗಿಳಿಸಿ, ಸೀಮೆಸುಣ್ಣದ ಪುಡಿಯನ್ನು ಅಂಟಿನಲ್ಲಿ ಕಲಸಿ ಮೇಲೆ ಬಳಿದರೆ ಹಳೆಯ ಚಿತ್ರ ಮುಚ್ಚಿಹೋಗುವುದು, ಒಣಗಿದ ಮೇಲೆ ಹೊಸ ಚಿತ್ರ. ಒಂದೇ ಬಟ್ಟೆಯೊಳಗೆ ಒಬ್ಬರ ಮೇಲೊಬ್ಬರು ಎಷ್ಟು ನಾಯಕರು ಮಲಗಿದ್ದರೋ, ಬಟ್ಟೆ ತಗಡಿನಷ್ಟು ಗಡುಸಾಗಿ ನಾನು ಸೂಜಿ ಚುಚ್ಚಲಾಗದಂತಾದಾಗಲೇ ಅದಕ್ಕೆ ಬಿಡುಗಡೆ.

ಅವಳಿಗೊಬ್ಬ ಅಣ್ಣನಿದ್ದ. ಅವಳನ್ನು ಉಪ್ಪುಮೂಟೆ ಹೊತ್ತು ಬೀದಿಯೆಲ್ಲ ಸುತ್ತಿಸುತ್ತಿದ್ದ ಹುಡುಗ. ಒಂದು ಕಡೆ ನಿಂತವನಲ್ಲ, ಕೂತವನಲ್ಲ. ಮೇಷ್ಟ್ರಿಗೆ ರೈಲ್ವೆ ಸ್ಟೇಷನ್ನಿನ ಗುಂಪು ಬರೆಯುವ ಕೆಲಸ ಬಂದಾಗ ಇವನನ್ನು ಟ್ರಂಕಿನ ಮೇಲೆ ಕೂರಿಸಿ ಕೈಗೊಂದು ಸೀಬೆಹಣ್ಣು ಕೊಟ್ಟರು. ಹಣ್ಣು ಮುಗಿಯುವವರೆಗೆ ಕದಲಬಾರದೆಂದು ಕರಾರು. ಅವನು ಗಬಗಬನೆ ತಿಂದು ಮುಗಿಸಿಬಿಟ್ಟ. ಮೇಷ್ಟ್ರು ಇನ್ನೊಂದು ಕೊಟ್ಟರು, ಮತ್ತೊಂದು ಕೊಟ್ಟರು. "ಇವನ ಮೂಗು ಮುಗಿಯೋದ್ರೊಳಗೆ ನನ್ನ ಬುಟ್ಟಿ ಖಾಲಿ" ಎಂದು ಗೊಣಗುತ್ತ ಬರೆದರು. ಬ್ಯಾನರಿನ ಬಲಗಡೆ ಕೆಳಮೂಲೆಯಲ್ಲಿ, ಟ್ರಂಕಿನ ಮೇಲೆ ಕೂತು ಹಣ್ಣು ಕಚ್ಚುವ ಹುಡುಗ. ಆ ಬ್ಯಾನರು ಟಾಕೀಸಿನ ಹೊರಗೆ ಏರಿದ್ದಲ್ಲ, ಒಳಗಿನ ಹಜಾರದಲ್ಲಿ ಬಾಲ್ಕನಿ ಮೆಟ್ಟಿಲ ಮೇಲೆ ತೂಗುಹಾಕಿದ್ದು. ಹುಡುಗ ಅದರ ಕೆಳಗೆ ನಿಂತು ಬಂದವರಿಗೆಲ್ಲ, "ನಾನು ಯಾರು ಹೇಳಿ ನೋಡೋಣ" ಎಂದು ಪೀಡಿಸುತ್ತಿದ್ದ.

ಸಿನಿಮಾ ಓಡಿತು, ಹೋಯಿತು. ಬ್ಯಾನರಿಗೆ ಸುಣ್ಣ ಬಳಿದರು. ಬಳಿದದ್ದು ಮೇಷ್ಟ್ರೇ. ಹುಡುಗ ಪಕ್ಕದಲ್ಲೇ ನಿಂತು, "ಅಪ್ಪಾ, ನನ್ನ ಮೂಗು ಮುಚ್ಚಿದ್ರೆ ಉಸಿರಾಡೋದು ಹೇಗೆ?" ಎಂದು ನಗಿಸುತ್ತಿದ್ದ. ಜೀವಂತ ಮಗ ಎದುರಿಗೆ ಕುಣಿಯುತ್ತಿರುವಾಗ ಅವನ ಚಿತ್ರದ ಮೇಲೆ ಸುಣ್ಣ ಬಳಿಯಲು ಯಾರ ಕೈ ತಡೆಯುತ್ತದೆ?

ಆ ಮಳೆಗಾಲದಲ್ಲಿ ಜ್ವರ ಬಂತು. ಜ್ವರ ಹೋಗಲಿಲ್ಲ, ಹುಡುಗ ಹೋದ.

ಮನೆಯಲ್ಲಿ ಅವನ ಒಂದು ಫೋಟೋ ಇರಲಿಲ್ಲ. ಸ್ಟುಡಿಯೋಗೆ ಕರೆದುಕೊಂಡು ಹೋಗೋಣವೆಂದು ಅತ್ತಿಗೆ ಎಷ್ಟೋ ಸಲ ಕೇಳಿದ್ದರು. "ಕುಂಚ ಹಿಡಿದೋನ ಮನೆಗೆ ಫೋಟೋ ಯಾಕೆ? ನಾನಿದ್ದೀನಲ್ಲ" ಎಂದು ಮೇಷ್ಟ್ರು ಎದೆ ತಟ್ಟಿಕೊಂಡಿದ್ದರು. ಈಗ ಅತ್ತಿಗೆ ಕಾಗದ ಪೆನ್ಸಿಲ್ ತಂದು ಮುಂದಿಟ್ಟು, "ಒಂದೇ ಒಂದು ಸಲ ಬರೆದುಕೊಡಿ" ಅಂದರು. ಮೇಷ್ಟ್ರು ಮುಖದ ಸುತ್ತುಗೆರೆ ಎಳೆದು, ಒಳಗೆ ಏನೂ ಬರೆಯಲಾಗದೆ, ಪೆನ್ಸಿಲ್ಲನ್ನು ಕಿವಿಗೆ ಸಿಕ್ಕಿಸಿಕೊಂಡು ಎದ್ದುಹೋದರು. ಊರಿನ ಎಲ್ಲರ ಮುಖವನ್ನೂ ಕಣ್ಣುಮುಚ್ಚಿ ಬರೆಯುತ್ತಿದ್ದ ಕೈ ಅದು. ಆಮೇಲೆ ಬಹಳ ಕಾಲ ಅವರು ಬರೀ ಅಕ್ಷರಗಳನ್ನೇ ಬರೆದರು, ಮುಖಗಳನ್ನು ಬೇರೆಯವರಿಗೆ ಬಿಟ್ಟರು.

ಕೊನೆಗಾಲದಲ್ಲಿ, ಬಣ್ಣದ ಹೊಗೆ ಕುಡಿದ ಎದೆ ಗೊರಗುಟ್ಟತೊಡಗಿದಾಗ, ಮಗಳನ್ನು ಹತ್ತಿರ ಕರೆದು ಒಂದು ಮಾತು ಹೇಳಿದ್ದರು: "ನಿಮ್ಮಣ್ಣ ಬಟ್ಟೆಯೊಳಗೆ ಇದ್ದಾನೆ ಕಣಮ್ಮ. ಇರ್ಲಿ ಬಿಡು. ಎಬ್ಬಿಸ್ಬೇಡ." ದುಃಖದ ಮಾತು ಎಂದುಕೊಂಡೆವು, ಅವಳೂ ನಾನೂ.

ಅವಳಿಗೆ ಅಣ್ಣನ ಮುಖ ನೆನಪಿರಲಿಲ್ಲ. ಅವನ ಬೆನ್ನ ಮೇಲೆ ಬೆಳೆದವಳು, ನೆನಪಿದ್ದದ್ದು ಕುತ್ತಿಗೆ, ಕಿವಿಯ ಹಿಂದು, ಬೆವರಿನ ವಾಸನೆ. ನನ್ನನ್ನು ಕೇಳಿದರೆ ನನಗೂ ಅಷ್ಟೇ. ಅವನ ಅಂಗಿ ಹೊಲಿದವನು ನಾನು. ಭುಜ ಎಷ್ಟು, ತೋಳು ಎಷ್ಟು, ಎಡಭುಜ ಕೊಂಚ ಇಳಿಜಾರು ಎಂಬುದು ಇವತ್ತಿಗೂ ಬೆರಳ ತುದಿಯಲ್ಲಿದೆ. ಮುಖ ಮಾತ್ರ ಇಲ್ಲ. ಅತ್ತಿಗೆಯೊಬ್ಬರ ಹತ್ತಿರ ಇದೆ ಎಂದುಕೊಂಡಿದ್ದೆವು. ಅದೂ ಸುಳ್ಳಾಯಿತು.

ಒಂದು ಮಧ್ಯಾಹ್ನ ಬಟ್ಟೆ ಮಡಚುತ್ತಿದ್ದ ಅತ್ತಿಗೆ ಕೈ ನಿಲ್ಲಿಸಿ ಹೇಳಿದರು: "ಅವನ ಮುಖ ನನಗೆ ಹೊಳೀತಾ ಇಲ್ಲ ಕಣೇ. ಕನಸಿಗೆ ಬಂದ್ರೂ ಮುಖ ಆ ಕಡೆ ತಿರುಗಿಸ್ಕೊಂಡೇ ಬರ್ತಾನೆ."

ಆಗ ಅವರ ಒಂದು ಕಣ್ಣು ಪೂರ್ತಿ ಹೋಗಿತ್ತು. ಇನ್ನೊಂದರಲ್ಲಿ ಹೊಗೆ ಕವಿದ ಹಾಗೆ ಕಾಣುತ್ತಿತ್ತು. ಅದೂ ಹೆಚ್ಚು ದಿನ ಉಳಿಯದೆಂದು ಕಣ್ಣಿನ ಡಾಕ್ಟರು ಮಗಳನ್ನು ಹೊರಗೆ ಕರೆದು ಹೇಳಿದ್ದರು. ಅಮ್ಮನಿಗೆ ಹೇಳಬೇಡಿ ಎಂದು ಅವಳು ಕೇಳಿಕೊಂಡಳು. ಅಮ್ಮನಿಗೆ ಆಗಲೇ ಗೊತ್ತಿತ್ತು.

"ಮುಚ್ಚೋದ್ರೊಳಗೆ ಒಂದು ಸಲ ಅವನನ್ನ ನೋಡ್ಬೇಕಿತ್ತು" ಅಂದರು ಅತ್ತಿಗೆ, ಅಂಗಡಿಯಿಂದ ಏನೋ ತರಬೇಕಿತ್ತು ಅನ್ನುವ ದನಿಯಲ್ಲಿ. "ಆಮೇಲೆ ಕತ್ತಲಾದ್ರೆ ಆಗ್ಲಿ. ಅವನೇ ಕೊನೇಲಿ ಕಂಡಿದ್ದು ಅಂತಾದ್ರೂ ಇರ್ತಿತ್ತು."

ಆ ಮಾತು ಮಗಳ ಎದೆಯಲ್ಲಿ ಮುಳ್ಳು ಮುರಿದಂತೆ ಕೂತಿತು.

ಅದೇ ಹೊತ್ತಿಗೆ ಟಾಕೀಸನ್ನು ಕೆಡವುತ್ತಾರೆ ಎಂಬ ಸುದ್ದಿ ಬಂತು. ಬಾಗಿಲು ಹಾಕಿ ವರ್ಷಗಳೇ ಆಗಿದ್ದ ಕಟ್ಟಡ. ಮುಚ್ಚಿದ ಜಾಗಗಳನ್ನೆಲ್ಲ ಹುಡುಕಿ ಹೋಗುತ್ತಿದ್ದವಳು ಇದೊಂದಕ್ಕೆ ಕಾಲಿಟ್ಟಿರಲಿಲ್ಲ. ಈಗ ಅಪ್ಪಣೆ ಪಡೆದು ಹೊರಟಳು, ನನ್ನನ್ನೂ ಕರೆದಳು. ಒಳಗೆ ಛಾವಣಿಯ ತಗಡು ಅಲ್ಲಲ್ಲಿ ಹಾರಿಹೋಗಿ ಬಿಸಿಲು ಕೋಲು ಕೋಲಾಗಿ ಬೀಳುತ್ತಿತ್ತು. ಕುರ್ಚಿಗಳ ಹೊಟ್ಟೆ ಒಡೆದು ನಾರು ಹೊರಬಂದಿತ್ತು. ಪರದೆ ಇದ್ದ ಜಾಗದಲ್ಲಿ ಬರಿ ಚೌಕಟ್ಟು. ಅದರ ಹಿಂದೆ ವಾಚ್‌ಮನ್ ಒಂದು ಮೂಲೆಗೆ ದಪ್ಪ ಬಟ್ಟೆ ಅಡ್ಡ ಕಟ್ಟಿಕೊಂಡು ಮಲಗಲು ಜಾಗ ಮಾಡಿಕೊಂಡಿದ್ದ. ಆ ಬಟ್ಟೆಯ ಮೇಲೆ ಛತ್ರಿ ಹಿಡಿದ ನಾಯಕಿ ಮಾಸಿ ಹೋಗಿದ್ದಳು.

ನಾನು ಚಿತ್ರ ನೋಡಲಿಲ್ಲ, ಅಂಚು ನೋಡಿದೆ. ಹೊಲಿಗೆ ಕೆಂಪು ನೂಲಿನದು. ಬ್ಯಾನರಿಗೆ ನಾನು ಯಾವಾಗಲೂ ಬಿಳಿ ನೂಲೇ ಹಾಕುತ್ತಿದ್ದೆ. ಒಂದೇ ಒಂದು ಸಲ ಬಿಳಿ ಮುಗಿದುಹೋಗಿ, ಮೇಷ್ಟ್ರು ತಲೆಯ ಮೇಲೆ ಕೂತು ಅವಸರ ಮಾಡಿ, ಕೆಂಪಿನಲ್ಲಿ ಹೊಲಿದುಕೊಟ್ಟಿದ್ದೆ. ಆ ಬಟ್ಟೆಯಲ್ಲೇ ರೈಲ್ವೆ ಸ್ಟೇಷನ್ ಬಂದದ್ದು. "ಸ್ಟೇಷನ್ನಿಗೆ ಕೆಂಪು ಬಾವುಟ ಸರಿಹೋಯ್ತು" ಎಂದು ಅವರು ಗೇಲಿ ಮಾಡಿದ್ದು ಕಿವಿಯಲ್ಲಿತ್ತು. ಅಂಚನ್ನು ಅವಳ ಕೈಗೆ ಕೊಟ್ಟು ಬೆರಳಿನಿಂದ ತೋರಿಸಿದೆ.

ಅವಳು ನೂಲನ್ನು ಸವರಿದಳು. "ಚಿಕ್ಕಪ್ಪ, ಇದೇನಾ?"

"ಇದೇ ಕಣಮ್ಮ."

ವಾಚ್‌ಮನ್ ತಕರಾರು ತೆಗೆದ. "ಬಟ್ಟೆ ತಗೊಂಡು ಹೋದ್ರೆ ನನಗೆ ಮರೆ ಎಲ್ಲಿದೆ? ಈ ಛತ್ರಿ ಹಿಡಿದಮ್ಮ ಇಲ್ದಿದ್ರೆ ನನಗೆ ನಿದ್ದೆ ಬರಲ್ಲ" ಅಂದ. ಅವಳು ಹೊಸ ದಪ್ಪ ಪರದೆ ತಂದು ಕಟ್ಟಿಸಿಕೊಟ್ಟ ಮೇಲೆ ಬಿಟ್ಟುಕೊಟ್ಟ.

ಅವಳೇನು ಹುಡುಗಾಟದವಳಲ್ಲ. ಒಳಗಿನ ಚಿತ್ರ ಎಬ್ಬಿಸುವುದಕ್ಕೆ ಮೊದಲು ಅಪ್ಪನ ಹಳೆಯ ಬ್ಯಾನರಿನ ತುಂಡುಗಳನ್ನು ಊರೆಲ್ಲ ಹುಡುಕಿ ತಂದಳು. ಒಂದು ಯಾರದೋ ಮನೆಯ ಕೊಟ್ಟಿಗೆ ಮೇಲಿತ್ತು, ಇನ್ನೊಂದು ಲಾರಿಯ ಹೊದಿಕೆಯಾಗಿತ್ತು. ಒದ್ದೆ ಸ್ಪಂಜಿನಲ್ಲಿ ನೆನೆಸಿದರೆ ನಡುವಿನ ಸೀಮೆಸುಣ್ಣದ ಪದರ ನೀರು ಕುಡಿದು ಮೆತ್ತಗಾಗುತ್ತಿತ್ತು. ಆಗ ಮೇಲಿನ ಚಿತ್ರ ಹಾಲಿನ ಕೆನೆಯ ಹಾಗೆ ಎದ್ದು ಬರುತ್ತಿತ್ತು, ಕೆಳಗಿನ ಎಣ್ಣೆಬಣ್ಣದ ಚಿತ್ರಕ್ಕೆ ಒಂದಿಷ್ಟೂ ಊನವಾಗುತ್ತಿರಲಿಲ್ಲ. ತುಂಡಾದ ಮೇಲೆ ತುಂಡು ನೋಡಿದಳು. ಕೆಂಪು ನೂಲಿನ ಬಟ್ಟೆಯಲ್ಲೂ ಎಡಗಡೆ ಮೇಲಿನ ಮೂಲೆಯಲ್ಲಿ ಅಂಗೈಯಗಲ ಪರೀಕ್ಷಿಸಿದಳು. ಛತ್ರಿಯ ತುದಿ ಕಳಚಿ, ಕೆಳಗೆ ನಾಯಕನ ಟೋಪಿ ಪಳಪಳ ಹೊಳೆಯಿತು. ನೆರೆಮನೆಯವರಿಗೆ ಕೇಳುವಂತೆ ಚಪ್ಪಾಳೆ ಹೊಡೆದಳು.

ಕೆಲಸವನ್ನು ಟಾಕೀಸಿನ ಹಜಾರದಲ್ಲೇ ಮಾಡಬೇಕೆಂದು ಅವಳ ಹಟ. ಬಟ್ಟೆ ಮೊದಲು ತೂಗಿದ್ದ ಗೋಡೆಗೇ ಅದನ್ನು ಮೊಳೆ ಹೊಡೆದು ನಿಲ್ಲಿಸಿದೆವು. ಬೆಳಗಿನ ಬಿಸಿಲು ನೇರ ಬರುವ ಹೊತ್ತು ನೋಡಿಕೊಂಡು ಅತ್ತಿಗೆಯನ್ನು ಕರೆತಂದೆವು. ಅವರು ಹೊಸ ಸೀರೆ ಉಟ್ಟು, ತಲೆ ಬಾಚಿ, ಯಾರದೋ ಮನೆಗೆ ಮೊದಲ ಸಲ ಹೋಗುವವರಂತೆ ಬಂದರು. ಕಿತ್ತ ಕುರ್ಚಿಗಳಲ್ಲಿ ಗಟ್ಟಿಯಾದ ಒಂದನ್ನು ಒರೆಸಿ ಕೂರಿಸಿದೆವು.

"ಟಿಕೆಟ್ ಹರಿಯೋರು ಯಾರೂ ಇಲ್ವಾ?" ಅಂದರು ಅತ್ತಿಗೆ.

"ಇವತ್ತು ಫ್ರೀ ಶೋ ಅತ್ತಿಗೆ" ಅಂದೆ ನಾನು.

"ನಿಮ್ಮ ಮೇಷ್ಟ್ರು ಇದ್ದಿದ್ರೆ ಫ್ರೀಯಾಗಿ ಬಿಡ್ತಿರಲಿಲ್ಲ ಬಿಡಪ್ಪ."

ಕ್ಯಾಮೆರಾವನ್ನು ಸ್ಟ್ಯಾಂಡಿನ ಮೇಲೆ ನಿಲ್ಲಿಸಿ, ಬಲಗಡೆ ಕೆಳಮೂಲೆ ಸರಿಯಾಗಿ ಬರುವಂತೆ ನೋಡಿಕೊಂಡು ಓಡಿಸಿದಳು. ಯಾರನ್ನೂ ಹತ್ತಿರ ಬಿಟ್ಟುಕೊಳ್ಳಲಿಲ್ಲ. ಮೇಲಿನಿಂದ ಶುರುಮಾಡಿದಳು. ನಾಯಕನ ಟೋಪಿ ಬಂತು, ಹಣೆ ಬಂತು, ಮೇಷ್ಟ್ರ ಕೈ ಎಂದು ಹೇಳದೆಯೂ ಗೊತ್ತಾಗುವ ಹುಬ್ಬು ಬಂತು. ನಾನು ಒಂದೊಂದನ್ನೂ ಅತ್ತಿಗೆಗೆ ಹೇಳುತ್ತಿದ್ದೆ. "ಗೊತ್ತು ಗೊತ್ತು, ನೀನು ಅವನ ಮೂಗಿನ ಸುದ್ದಿ ಬಿಡು, ಮೂಲೆಗೆ ಬಾ ಅನ್ನು ಅವಳಿಗೆ" ಎಂದು ಅವರು ಕುರ್ಚಿಯ ಕೈ ಹಿಡಿದು ಮುಂದೆ ಬಾಗಿದ್ದರು.

ಅವಳು ಮೂಲೆಗೆ ಬಂದಳು. ಸ್ಪಂಜನ್ನು ಅದ್ದಿ, ಹಿಂಡಿ, ಮೆತ್ತಗೆ ಒತ್ತಿ ಹಿಡಿದಳು. ನಾಯಕಿಯ ಸೀರೆಯ ನೆರಿಗೆ ಮೆತ್ತಗೆ ಸಡಿಲವಾಗಿ ಜಾರಿತು. ಅದರ ಹಿಂದೆಯೇ ಅವಳು ಉಸಿರೆಳೆದುಕೊಂಡದ್ದು ಹಜಾರಕ್ಕೆಲ್ಲ ಕೇಳಿಸಿತು. ಬಾಗಿ, ಬಟ್ಟೆಗೆ ಮುಖ ತಾಗುವಷ್ಟು ಹತ್ತಿರ ಹೋದಳು.

"ಅಮ್ಮಾ! ಅಣ್ಣ! ಬಾ, ಬೇಗ ಬಾ!"

ಅತ್ತಿಗೆ ಎದ್ದರು. ಅವರ ಸೆರಗು ಕುರ್ಚಿಯ ಮೊಳೆಗೆ ಸಿಕ್ಕಿತು. ನಾನು ಬಿಡಿಸಿದೆ, ಕೈಹಿಡಿದು ಓಡಿಸಿಕೊಂಡು ಹೋದೆ. ಹಜಾರ ದೊಡ್ಡದೇನಲ್ಲ. ಆದರೆ ಅವರ ಕಾಲು ಹಳೆಯದು, ಕಣ್ಣು ಹೊಗೆ. ನಾವು ಮುಟ್ಟುವ ಹೊತ್ತಿಗೆ ಅವಳು ಎರಡೂ ಅಂಗೈಗಳನ್ನು ಬಟ್ಟೆಗೆ ಒತ್ತಿ ಹಿಡಿದು, "ಬೇಡ, ಬೇಡ, ಬೇಡ" ಅನ್ನುತ್ತಿದ್ದಳು. ಬೆರಳುಗಳ ಸಂದಿಯಿಂದ ಕಂದು, ಹಳದಿ, ಸ್ವಲ್ಪ ಹಸಿರು ಕೂಡಿದ ನೀರು ಮೊಣಕೈವರೆಗೆ ಇಳಿದು ನೆಲಕ್ಕೆ ತೊಟ್ಟಿಕ್ಕುತ್ತಿತ್ತು. ಕೈ ತೆಗೆದಾಗ ಅಲ್ಲಿ ಬರೀ ಬಟ್ಟೆ ಇತ್ತು. ಮೇಲುಗಡೆ ನಾಯಕ ಒಣ ಹಲ್ಲು ಕಿರಿಯುತ್ತ ಸುಖವಾಗಿದ್ದ.

ಆಮೇಲೆ ತಿಳಿಯಿತು. ಹೊರಗೆ ಮಳೆಬಿಸಿಲಿಗೆ ನಿಲ್ಲುವ ಬ್ಯಾನರಿಗೆ ಮೇಷ್ಟ್ರು ಪೂರ್ತಿ ಎಣ್ಣೆಬಣ್ಣ ಹಾಕುತ್ತಿದ್ದರು. ಒಳಗೆ ತೂಗುವುದಕ್ಕೆ ನಾಯಕ ನಾಯಕಿಯರಿಗೆ ಮಾತ್ರ ಎಣ್ಣೆ. ಹಿಂದಿನ ಗುಂಪಿಗೆ ಅಂಟುನೀರಿನಲ್ಲಿ ಕಲಸಿದ ಪುಡಿಬಣ್ಣ. ನೆರಳಲ್ಲಿ ಇರುವುದಕ್ಕೆ ದುಬಾರಿ ಎಣ್ಣೆ ಯಾಕೆ ಎಂಬ ಮಿತವ್ಯಯ. ಅವಳಿಗೆ ಸಿಕ್ಕ ತುಂಡುಗಳೆಲ್ಲ ಹೊರಗಿನವು, ಎಣ್ಣೆ ಇದ್ದದ್ದಕ್ಕೇ ಮಳೆಯಲ್ಲಿ ಬದುಕಿ ಉಳಿದವು. ಅವಳು ಪರೀಕ್ಷೆ ಮಾಡಿದ್ದು ನಾಯಕನ ಟೋಪಿಯನ್ನು. ನಾನು ಹೊಲಿಗೆ ಬಲ್ಲೆ, ಬಣ್ಣದ ಮಡಕೆಯಲ್ಲಿ ಏನು ಕಲಸುತ್ತಿದ್ದರೆಂದು ಎಂದೂ ಇಣುಕಿದವನಲ್ಲ. ಎಬ್ಬಿಸಬೇಡ ಎಂದ ಮೇಷ್ಟ್ರಿಗೆ ಅದು ಗೊತ್ತಿತ್ತು. ಯಾಕೆ ಎಂದು ಒಂದು ಮಾತು ಹೇಳಿದ್ದರೆ! ಮಗನ ಮುಖಕ್ಕೆ ಅಗ್ಗದ ಬಣ್ಣ ಹಾಕಿದ್ದೆ ಎಂದು ಯಾವ ಅಪ್ಪ ಬಾಯಿಬಿಡುತ್ತಾನೆ?

ಅತ್ತಿಗೆ ಬಟ್ಟೆಯನ್ನು ನೋಡಲಿಲ್ಲ, ಮಗಳನ್ನು ನೋಡಿದರು.

"ನೀನು ನೋಡಿದ್ಯಾ?"

"ನೋಡ್ದೆ ಅಮ್ಮ."

"ಹೇಗಿದ್ದ?"

"ಹಣ್ಣು ಕಚ್ತಾ ಇದ್ದ."

"ಅದು ನನಗೂ ಗೊತ್ತು. ಮುಖ?"

ಅವಳು ಖಾಲಿ ಬಟ್ಟೆಯತ್ತ ತಿರುಗಿದಳು. "ಚೆನ್ನಾಗಿದ್ದ ಅಮ್ಮ" ಅಂದಳು.

"ಚೆನ್ನಾಗಿದ್ದ ಅನ್ನೋದೂ ನನಗೆ ಗೊತ್ತು" ಎಂದು ಅತ್ತಿಗೆ ತಮ್ಮ ಹೊಸ ಸೀರೆಯ ಸೆರಗಿನಿಂದಲೇ ಅವಳ ಮೊಣಕೈಯ ನೀರು ಒರೆಸಿದರು. ಸೆರಗಿಗೆ ಹತ್ತಿದ ಆ ಬಣ್ಣವನ್ನು ಅವರು ಒಗೆಯಲು ಕೊಡಲಿಲ್ಲ.

ಕ್ಯಾಮೆರಾ ಓಡುತ್ತಲೇ ಇತ್ತಲ್ಲ ಎಂದು ನಮಗೆಲ್ಲ ಒಂದು ಆಸೆ. ಅವಳ ಸಿನಿಮಾಗಳನ್ನು ಜೋಡಿಸಿಕೊಡುವ ಗೆಳತಿ ಒಬ್ಬಳಿದ್ದಾಳೆ, ನಾನು ಅವಳನ್ನು ಕತ್ತರಿ ಎನ್ನುತ್ತೇನೆ. ನಾನು ಬಟ್ಟೆ ಕತ್ತರಿಸುವವನು, ಅವಳು ಚಿತ್ರ. ಕತ್ತರಿಯ ಕೋಣೆಯಲ್ಲಿ ಕೂತು ನೋಡಿದೆವು. ಸೀರೆಯ ನೆರಿಗೆ ಜಾರಿದ್ದು ಕಂಡಿತು. ಆ ಕ್ಷಣಕ್ಕೆ ಸರಿಯಾಗಿ ಅವಳ ಬೆನ್ನು, ಕುತ್ತಿಗೆ, ಕೂದಲಿನ ಗಂಟು ಅಡ್ಡ ಬಂತು. ನೋಡಲೆಂದು ಬಾಗಿದ್ದಳಲ್ಲ! ಕತ್ತರಿ ಮುಂದೆ ಹಿಂದೆ ಓಡಿಸಿದಳು, ನಿಧಾನ ಮಾಡಿದಳು, ದೊಡ್ಡದು ಮಾಡಿದಳು. ಎಷ್ಟು ಮಾಡಿದರೂ ಕುತ್ತಿಗೆ ಸರಿಯಲಿಲ್ಲ. ಜಗತ್ತಿನ ಗೋಡೆಗಳ ಮುಂದೆಲ್ಲ ಕ್ಯಾಮೆರಾ ಇಟ್ಟು ಅಲುಗಾಡದೆ ಕೂತವಳು ಅದೊಂದು ಗಳಿಗೆ ಪಕ್ಕಕ್ಕೆ ನಿಲ್ಲುವುದನ್ನು ಮರೆತಿದ್ದಳು.

ಮನೆಯಲ್ಲಿ ಅತ್ತಿಗೆ ಅವಳ ಮುಂದೆ ಕಾಗದ ತಂದಿಟ್ಟರು. "ನೀನು ನೋಡಿದ್ದೀಯ. ನಿಮ್ಮಪ್ಪನ ಕೈ ನಿನಗಿದೆ. ಬರಿ."

ಬರೆದಳು. ದಿನವೂ ಬರೆದಳು. ಒಂದರಲ್ಲಿ ಮೇಷ್ಟ್ರು ಬಂದರು, ಇನ್ನೊಂದರಲ್ಲಿ ಯಾರೋ ಬೀದಿಯ ಹುಡುಗ ಬಂದ. ನೀರು ಮುಖವನ್ನು ಬಟ್ಟೆಯಿಂದ ಒಯ್ದಂತೆಯೇ ಅವಳ ಕಣ್ಣಿನಿಂದಲೂ ಒಯ್ದಿತ್ತು. ಕಂಡೆ ಎಂಬುದು ಉಳಿದಿತ್ತು, ಕಂಡದ್ದು ಉಳಿದಿರಲಿಲ್ಲ. ಅತ್ತಿಗೆ ಪ್ರತಿಯೊಂದನ್ನೂ ಕಣ್ಣಿಗೆ ತಾಗುವಷ್ಟು ಹತ್ತಿರ ಹಿಡಿದು, "ಇವನಲ್ಲ" ಎಂದು ಪಕ್ಕಕ್ಕಿಡುತ್ತಿದ್ದರು.

"ಮರೆತೆ ಅಂತೀಯ, ಅಲ್ಲ ಅಂತ ಹೇಗೆ ಗೊತ್ತಾಗುತ್ತೆ?" ಎಂದು ಒಮ್ಮೆ ಅವಳು ರೇಗಿದಳು.

"ಮರೆತಿದ್ದೀನಿ. ಆದ್ರೂ ಇವನಲ್ಲ ಅಂತ ಗೊತ್ತಾಗುತ್ತೆ ಕಣೇ. ಹೊಟ್ಟೇಲಿ ಗೊತ್ತಾಗುತ್ತೆ."

ಹೊಗೆ ದಿನದಿನಕ್ಕೆ ದಟ್ಟವಾಯಿತು. ಒಂದು ಸಂಜೆ ನಾನು ಹೋದಾಗ ಮೇಜಿನ ಮೇಲೆ ಒಂದು ಹಾಳೆ ಇತ್ತು. ಬೇಸತ್ತು, ಕನ್ನಡಿ ಮುಂದಿಟ್ಟುಕೊಂಡು ತನ್ನ ಮುಖವನ್ನೇ ಬರೆದಿಟ್ಟಿದ್ದಳು. ಅತ್ತಿಗೆ ತಡವುತ್ತ ಬಂದು ಅದನ್ನೆತ್ತಿ ಕಣ್ಣಿನ ಹತ್ತಿರ ಹಿಡಿದರು. ಬಹಳ ಹೊತ್ತು ಹಿಡಿದರು.

"ಇವನೇ ಇರ್ಬೇಕು" ಅಂದರು.

ಅವಳು ನನ್ನ ಮುಖ ನೋಡಿದಳು. ನಾನು ನೆಲ ನೋಡಿದೆ. ಅತ್ತಿಗೆ ಹಾಳೆಯ ಕೆನ್ನೆಯನ್ನು ಬೆರಳಿನಿಂದ ಸವರುತ್ತ, "ಇವನೇ ಅಲ್ವೇನಪ್ಪ?" ಎಂದು ನನ್ನನ್ನು ಕೇಳಿದರು. ನಾನು ಬಾಯಿ ಬಿಡುವುದರೊಳಗೆ ಮಗಳು, "ಅಲ್ಲ ಅಮ್ಮ. ಅದು ನಾನು" ಎಂದು ಹಾಳೆಯನ್ನು ಮೆಲ್ಲಗೆ ಅವರ ಕೈಯಿಂದ ಬಿಡಿಸಿಕೊಂಡಳು. ಅಂದಿನಿಂದ ಪೆನ್ಸಿಲ್ ಮುಟ್ಟಲಿಲ್ಲ.

ಸಂಗತಿ ಕತ್ತರಿಗೆ ತಿಳಿಯಿತು. ಅವಳದು ಒಳ್ಳೆಯ ಜೀವ, ಕಂಡವರ ಕಷ್ಟಕ್ಕೆ ಮರುಗುವವಳು. ಮಾರನೆಯ ದಿನ ನಮ್ಮಿಬ್ಬರನ್ನೂ ತನ್ನ ಕೋಣೆಗೆ ಕರೆಸಿದಳು. ಅರ್ಧಕ್ಕೆ ನಿಂತ ಸಿನಿಮಾ ಕಂಪ್ಯೂಟರಿನ ಮೇಲಿತ್ತು, ಅದೇ ಕುತ್ತಿಗೆ, ಅದೇ ಜಾರುವ ನೆರಿಗೆ.

"ನೋಡೇ, ನನ್ನ ಮಾತು ಪೂರ್ತಿ ಕೇಳು" ಅಂದಳು ಕತ್ತರಿ. "ಅಪ್ಪನ ಫೋಟೋ ಕೊಡು, ಅಮ್ಮನ ಫೋಟೋ ಕೊಡು, ನಿನ್ನ ಚಿಕ್ಕಂದಿನದು ಇದ್ರೆ ಕೊಡು. ಮೂರನ್ನೂ ಕೂಡಿಸಿ ಈ ಮಷಿನ್ನು ಒಂದು ಹುಡುಗನ ಮುಖ ಮಾಡುತ್ತೆ. ಟ್ರಂಕು, ಹಣ್ಣು, ಎಲ್ಲಾ ಹಾಕ್ತೀನಿ. ನಿಮ್ಮಪ್ಪನ ಕುಂಚದ ಹಾಗೇ ಕಾಣೋ ಥರ ಮಾಡ್ತೀನಿ. ನೀನು ಬಾಗಿದ ಮೇಲೆ ಒಂದು ಗಳಿಗೆ ಆ ಮುಖ ತೋರ್ಸಿದ್ರೆ ಸಿನಿಮಾನೂ ಮುಗಿಯುತ್ತೆ. ಅದನ್ನೇ ದೊಡ್ಡದಾಗಿ ಬಟ್ಟೆ ಮೇಲೆ ಅಚ್ಚು ಹಾಕಿಸಿ ಅಮ್ಮನ ಮುಂದೆ ಹಿಡಿಯೋಣ. ಕಣ್ಣು ಇನ್ನೂ ಇದೆ ಈಗ. ಮುಂದಿನ ತಿಂಗಳು ಇರುತ್ತೋ ಇಲ್ವೋ."

ಅವಳು ಕಂಪ್ಯೂಟರಿನಲ್ಲಿ ನಿಂತಿದ್ದ ತನ್ನ ಕುತ್ತಿಗೆಯನ್ನೇ ನೋಡುತ್ತಿದ್ದಳು.

"ಅಮ್ಮನಿಗೆ ಗೊತ್ತಾಗಲ್ಲ ಕಣೇ. ನೆಮ್ಮದಿಯಾಗಿ ಇರ್ತಾರೆ" ಅಂದಳು ಕತ್ತರಿ, ಅವಳ ಮಂಡಿಯ ಮೇಲೆ ಕೈಯಿಟ್ಟು.

ನನಗೂ ಅದು ಸರಿಯೆನಿಸಿತ್ತು. "ಒಪ್ಕೊಳ್ಳಮ್ಮ. ಹುಡುಗನ ಭುಜ ಎಷ್ಟಿತ್ತು ಅಂತ ನಾನು ಹೇಳ್ತೀನಿ, ಅಷ್ಟಾದ್ರೂ ನಿಜ ಇರುತ್ತೆ" ಅಂದೆ.

ಅವಳು ಕತ್ತರಿಯ ಕೈಯನ್ನು ತನ್ನ ಎರಡೂ ಕೈಯಲ್ಲಿ ಹಿಡಿದುಕೊಂಡಳು. ದನಿ ಏರಿಸಲಿಲ್ಲ.

"ಬೇಡ ಕಣೇ. ಅಮ್ಮನಿಗೆ ಗೊತ್ತಾಗಲ್ಲ ಅಂತೀಯಲ್ಲ, ಅದಕ್ಕೇ ಬೇಡ. ಹೋದ ತಿಂಗಳಾಗಿದ್ರೆ ನೋಡಿ ಇವನಲ್ಲ ಅಂತ ಪಕ್ಕಕ್ಕಿಡ್ತಿದ್ಲು. ಈಗ ಏನು ಕೊಟ್ರೂ ತಗೋತಾಳೆ. ನೀನು ಮಾಡಿಕೊಟ್ಟ ಮುಖಾನ ಎದೆಗೆ ಒತ್ತಿಕೊಂಡು ಮಗನೇ ಅಂತಾಳೆ. ಆಮೇಲೆ ನಮ್ಮಣ್ಣ ಎಲ್ಲಿಗೆ ಹೋಗ್ಬೇಕು ಹೇಳು? ಅವಳ ಹತ್ರ ಈಗ ಅವನ ಮುಖ ಇಲ್ಲ, ಆದ್ರೆ ಅವನ ಜಾಗ ಇದೆ. ಖಾಲಿ ಬಿದ್ದಿದೆ, ಅವನಿಗೇ ಅಂತ ಬಿದ್ದಿದೆ. ಅಲ್ಲಿ ಯಾರನ್ನೋ ತಂದು ಕೂರಿಸೋಕೆ ನನ್ನ ಕೈಲಿ ಆಗಲ್ಲ. ಅಪ್ಪ ಅವನ ಮೇಲೆ ಸುಣ್ಣ ಬಳಿದ್ರು, ನಾನು ನೀರು ಸುರಿದೆ. ಇನ್ನು ನೀನೂ ಒಂದು ಕೈ ಬಳೀಬೇಡ. ಸಿನಿಮಾ ಅರ್ಧಕ್ಕೇ ನಿಲ್ಲಲಿ. ಆ ಮಷಿನ್ ಆರಿಸು. ಬೇಡ ಚಿಕ್ಕಪ್ಪ, ನೀವೂ ಏಳ್ಬೇಡಿ, ಮನೆವರೆಗೆ ಬರ್ತೀನಿ ಅನ್ಬೇಡಿ. ಅಮ್ಮ ಒಬ್ಳೇ ಇದ್ದಾಳೆ, ನಾನೊಬ್ಳೇ ಹೋಗ್ತೀನಿ."